ಹೆಂಚಿನ ಕೆಳಗೆ ಪ್ಲಾಸ್ಟಿಕ್ ಶೀಟ್ ಹಾಕಿದರೆ ಸೋರುವುದು ನಿಲ್ಲುತ್ತದೆಯೇ?

ಭದ್ರಾವತಿಯ ಓಲ್ಡ್ ಟೌನ್‌ನಂಥ ಮಳೆಯೂರಿನ ಹೆಂಚಿನ ಮನೆಯವರಿಗೆ ಸಿಗುವ ಸಲಹೆ: ಕೆಳಗೊಂದು ಶೀಟ್ ಹಾಸಿದರೆ ಸಾಕು, ಸೋರದು. ಇದು ಅರ್ಧ ಸತ್ಯ ಎನ್ನುತ್ತೇವೆ ನಾವು.

ಹೆಂಚೇ ಮೊದಲ ರಕ್ಷಣೆ. ಗಾಳಿಮಳೆಗೆ ಸಂದಿಯಲ್ಲಿ ನುಗ್ಗಿದ ನೀರನ್ನು ಶೀಟ್ ಸೂರಿನಾಚೆಗೆ ಸಾಗಿಸಬೇಕು. ಅದಕ್ಕೇ ಸೂರಿನಿಂದ ಮೇಲಕ್ಕೆ ಹಾಸುತ್ತ ಹೋಗಬೇಕು. ಮೇಲಿನ ಶೀಟ್ ಕೆಳಗಿನದರ ಮೇಲೆ ಸುಮಾರು 15 ಸೆಂ.ಮೀ. ಕೂರಬೇಕು. ತಿರುವುಮುರುವಾದರೆ ನೀರು ಮನೆಯೊಳಗೆ.

ಅಡ್ಡ ರೀಪು ಶೀಟಿಗೆ ಒತ್ತಿಕೊಂಡಿದ್ದರೆ ನೀರು ಅಲ್ಲೇ ನಿಂತು ಮರ ಕೊಳೆಯುತ್ತದೆ. ರೀಪಿನ ಕೆಳಗೆ ಇಳಿಜಾರಿನುದ್ದಕ್ಕೆ ಪಟ್ಟಿ ಹೊಡೆದರೆ ನೀರು ಹರಿಯುತ್ತದೆ, ಗಾಳಿಯಾಡುತ್ತದೆ. ಸಾದಾ ಪ್ಲಾಸ್ಟಿಕ್ ಅಡುಗೆಮನೆಯ ಆವಿಯನ್ನೂ ಹೊರಬಿಡದು. ಆವಿ ದಾಟಿಸುವ ಶೀಟ್ ಮೇಲು.

ಶೀಟ್ ಇದೆಯೆಂದು ಒಡೆದ ಹೆಂಚನ್ನು ಹಾಗೇ ಬಿಡಬೇಡಿ. ಫಾರ್ವರ್ಡ್ ಮಾಡುವುದಾದರೆ ಇಷ್ಟನ್ನೂ ಸೇರಿಸಿ ಕಳಿಸಿ.