ಗೋಡೆಯ ಫೋಟೊ ಉತ್ತರ ಕೊಟ್ಟರೆ

2025ರ ಜೂನ್ 9ರ ಬೆಳಿಗ್ಗೆ ದಿವಾ–ಮುಂಬ್ರಾ ನಡುವೆ ಕಿಕ್ಕಿರಿದ ಲೋಕಲ್ ರೈಲುಗಳಿಂದ ಬಿದ್ದು ಕನಿಷ್ಠ ನಾಲ್ವರು ಸತ್ತರು. ಅದರ ಹಿಂದಿನ ವರ್ಷದ ಮೇ ತಿಂಗಳಲ್ಲಿ ಡೊಂಬಿವಲಿಯ ಎಂಐಡಿಸಿ ಕೈಗಾರಿಕಾ ಪ್ರದೇಶದ ರಾಸಾಯನಿಕ ಕಾರ್ಖಾನೆ ಸ್ಫೋಟಿಸಿತ್ತು. ಬೆಳಿಗ್ಗೆ ಡಬ್ಬಿ ಹಿಡಿದು ಹೋದವರು ಸಂಜೆ ಬಾರದಿರುವುದು ಠಾಣೆ ಜಿಲ್ಲೆಗೆ ಹೊಸದಲ್ಲ. ಹೊಸದೆಂದರೆ, ಹೋದವರ ಫೋನಿನಲ್ಲಿ ವರ್ಷಗಟ್ಟಲೆಯ ವಾಟ್ಸ್‌ಆ್ಯಪ್ ಮಾತು ಉಳಿದಿರುತ್ತದೆ. ಅದನ್ನು ಕೃತಕ ಬುದ್ಧಿಮತ್ತೆಗೆ ಉಣಿಸಿ ‘ಅಪ್ಪ’ನಿಂದ ಉತ್ತರ ಪಡೆಯಬಹುದು. ದನಿಯನ್ನೂ ತರಬಹುದು: 2024ರ ‘ಲಾಲ್ ಸಲಾಂ’ ಚಿತ್ರದಲ್ಲಿ ಎ.ಆರ್. ರೆಹಮಾನ್ ತೀರಿಹೋದ ಇಬ್ಬರು ಗಾಯಕರ ದನಿಯನ್ನು, ಮನೆಯವರ ಒಪ್ಪಿಗೆ ಪಡೆದು, ಹೀಗೆಯೇ ಬಳಸಿದರು. ದುಃಖದಲ್ಲಿ ಯಂತ್ರದ ನೆರವು ಪಡೆಯುವುದು ತಪ್ಪಲ್ಲ. ಆದರೆ ಯಂತ್ರ ಸತ್ತವರೇ ಆಗಿ ಮಾತಾಡಬಾರದು.

ಕಾರಣ ಮಿದುಳಿನಲ್ಲಿದೆ. ತಾಯಿಯನ್ನೋ ಸೋದರಿಯನ್ನೋ ಸ್ತನ ಕ್ಯಾನ್ಸರಿನಿಂದ ಕಳೆದುಕೊಂಡ 23 ಮಹಿಳೆಯರ ಮಿದುಳನ್ನು ಸಂಶೋಧಕಿ ಮೇರಿ-ಫ್ರಾನ್ಸಿಸ್ ಓಕಾನರ್ ತಂಡ ಸ್ಕ್ಯಾನ್ ಮಾಡಿ 2008ರಲ್ಲಿ ವರದಿ ಪ್ರಕಟಿಸಿತು. ಅಗಲಿದವರ ಚಿತ್ರ ಕಂಡಾಗ ನೋವು ಎಲ್ಲರಲ್ಲೂ ಇತ್ತು; ದುಃಖ ಮಾಗದೆ ಉಳಿದವರಲ್ಲಿ ಮಾತ್ರ ಬಹುಮಾನದ ನಿರೀಕ್ಷೆಗೆ ಸಂಬಂಧಿಸಿದ ಭಾಗವೂ ಚುರುಕಾಗಿತ್ತು. ಹಂಬಲ ಹೆಚ್ಚಿದ್ದಷ್ಟೂ ಈ ಚುರುಕೂ ಹೆಚ್ಚು. ಅಧ್ಯಯನ ಚಿಕ್ಕದು, ನಿಜ. ಆದರೂ ‘ಇನ್ನು ಬರುವುದಿಲ್ಲ’ ಎಂದು ಕಲಿಯಬೇಕಾದ ಮಿದುಳಿಗೆ ರಾತ್ರಿ ಹನ್ನೊಂದಕ್ಕೆ ‘ಅಮ್ಮ’ನಿಂದ “ಊಟ ಆಯ್ತಾ? ಲೋಕಲ್ ಸಿಕ್ತಾ?” ಎಂಬ ಸಂದೇಶ ಬರುತ್ತಿದ್ದರೆ ಆ ಕಲಿಕೆ ಎಲ್ಲಿಂದ ಸಾಧ್ಯ? ಅದೂ ಅಮ್ಮನ ಮಾತಲ್ಲ. ಮುಂದಿನ ಪದ ಯಾವುದಿರಬಹುದೆಂದು ಲೆಕ್ಕಹಾಕುವ ಯಂತ್ರ, ಮರಾಠಿ ಬೆರೆತ ಡೊಂಬಿವಲಿ ಕನ್ನಡದಲ್ಲಿ ತನಗೆ ಸಿಗದ್ದನ್ನು ಎಲ್ಲಿಂದಲೋ ತಂದು ತುಂಬಿಸುತ್ತದೆ. ಆಮೇಲೆ ನೆನಪಿನಲ್ಲಿ ಅಸಲಿ ಯಾವುದು, ಸೇರಿಸಿದ್ದು ಯಾವುದು ಎಂದು ಬೇರ್ಪಡಿಸುವುದು ಕಷ್ಟ.

ಗೋಡೆಗೆ ಫೋಟೊ ಹಾಕುವುದಿಲ್ಲವೇ, ತಿಥಿ ಮಾಡುವುದಿಲ್ಲವೇ ಎಂದು ಕೇಳಬಹುದು. 2020ರಲ್ಲಿ ಕೊಪ್ಪಳದ ಉದ್ಯಮಿಯೊಬ್ಬರು ಗೃಹಪ್ರವೇಶಕ್ಕೆ ತೀರಿಹೋದ ಪತ್ನಿಯ ಸಿಲಿಕೋನ್ ಪ್ರತಿಮೆಯನ್ನೇ ಕೂರಿಸಿದ್ದರು. ಹೋದವರೊಡನೆ ನಂಟು ಉಳಿಸಿಕೊಳ್ಳುವುದು ರೋಗವಲ್ಲ ಎಂದು ಮನೋವಿಜ್ಞಾನಿಗಳೂ 1990ರ ದಶಕದಿಂದ ಹೇಳುತ್ತಿದ್ದಾರೆ. ಆದರೆ ಪ್ರತಿಮೆ ತಿರುಗಿ ಮಾತಾಡುವುದಿಲ್ಲ. ತಿಥಿ ವರ್ಷಕ್ಕೊಮ್ಮೆ, ನಾಲ್ಕು ಜನರ ನಡುವೆ ಮುಗಿಯುತ್ತದೆ. ಚಂದಾ ಕಟ್ಟಿಸಿಕೊಳ್ಳುವ ಆ್ಯಪಿಗೆ ನಿಮ್ಮ ದುಃಖ ಮುಗಿಯುವುದೇ ನಷ್ಟ. ನಡುರಾತ್ರಿ ಒಂಟಿಯಾಗಿರುವವರಿಗೆ ಬೇರೆ ಯಾರಿದ್ದಾರೆ ಎಂಬ ಆಕ್ಷೇಪ ಫೋಟೊ–ತಿಥಿಯ ಮಾತಿಗಿಂತ ಗಟ್ಟಿ. ಅವರು ಸತ್ತವರ *ಬಗ್ಗೆ* ಯಂತ್ರಕ್ಕೆ ಬರೆದುಕೊಳ್ಳಲಿ, ಹಳೆಯ ದನಿಗಳನ್ನು ಜೋಡಿಸಿಡಲಿ, ವಿಮೆ–ಪಿಂಚಣಿ ಅರ್ಜಿಗಳನ್ನು ಅದರಿಂದ ಬರೆಸಲಿ. ನಿದ್ದೆ, ಊಟ, ಕೆಲಸ ತಿಂಗಳುಗಟ್ಟಲೆ ಕೆಟ್ಟರೆ ಮನುಷ್ಯರೇ ಬೇಕು: 2022ರ ಅಕ್ಟೋಬರಿನಲ್ಲಿ ಆರಂಭವಾದ ಸರ್ಕಾರದ ಟೆಲಿ-ಮಾನಸ್ ಸಹಾಯವಾಣಿ 14416 ಉಚಿತ, ದಿನದ 24 ಗಂಟೆಯೂ ತೆರೆದಿರುತ್ತದೆ.