ಸಾಗಾಟದಲ್ಲಿ ಜಪ್ತಿಯಾದ ಮಾಂಸವೂ ಅದರ ತಕರಾರುಗಳೂ

(ಒಬ್ಬ ವ್ಯವಸಾಯದ ಇನ್‌ಸ್ಪೆಕ್ಟರ್, ಎಲ್.ಎಜಿ.)

ಮುಪ್ಪಾದ ಎಮ್ಮೆ ಕೋಣಗಳನ್ನು ಮಾರುವುದು ಒಕ್ಕಲುತನದಲ್ಲಿ ಹೊಸ ಸಂಗತಿಯಲ್ಲ. ಆದರೆ ಮಾಂಸವನ್ನು ಸಾಗಿಸುವ ಗಾಡಿಯು ದಾರಿಯಲ್ಲಿ ತಡೆಯಲ್ಪಟ್ಟು ಮಾಲು ಜಪ್ತಿಯಾದಾಗ, ವಿಚಾರಣೆಯು ಕೆಲವು ವೇಳೆ ರಾಸನ್ನು ಮಾರಿದವನ ಹಟ್ಟಿಯವರೆಗೂ ಬರುವುದುಂಟು. ಆಗ ಎರಡು ಪ್ರಶ್ನೆಗಳೇ ಮುಖ್ಯವಾಗುತ್ತವೆ: ಈ ಮಾಂಸವು ಯಾವ ಪ್ರಾಣಿಯದು? ಆ ಪ್ರಾಣಿಯ ವಯಸ್ಸೆಷ್ಟು? ಇವುಗಳಿಗೆ ಉತ್ತರ ಹೇಗೆ ದೊರೆಯುವುದೆಂಬುದನ್ನು ಗ್ರಾಮದ ಯಜಮಾನರೂ ಜಮೀನುದಾರರೂ ತಿಳಿದಿರುವುದು ಅತ್ಯವಶ್ಯಕ.

ನಮ್ಮ ನಾಡಿನ 1964ನೇ ಇಸವಿಯ ಶಾಸನವು 12 ವರ್ಷ ಮೀರಿದ ಎತ್ತು, ಗೂಳಿ, ಎಮ್ಮೆ, ಕೋಣಗಳನ್ನು ಪ್ರಮಾಣಪತ್ರದ ಮೇಲೆ ವಧಿಸಲು ಅವಕಾಶವಿತ್ತಿತ್ತು. ಅದರ ಸ್ಥಾನದಲ್ಲಿ 2021ರಲ್ಲಿ ಜಾರಿಗೆ ಬಂದ 2020ನೇ ಇಸವಿಯ ಶಾಸನವು ಹಸು, ಕರು, ಗೂಳಿ, ಎತ್ತುಗಳನ್ನು ವಯಸ್ಸಿನ ಭೇದವಿಲ್ಲದೆಯೂ, ಎಮ್ಮೆ ಕೋಣಗಳನ್ನು 13 ವರ್ಷ ತುಂಬುವವರೆಗೂ ರಕ್ಷಿಸಿತು. ಅದರಂತೆ ವಧೆಯ ಅಪರಾಧಕ್ಕೆ 3ರಿಂದ 7 ವರ್ಷಗಳ ಸೆರೆವಾಸವೂ, ರಾಸೊಂದಕ್ಕೆ 50,000 ರೂಪಾಯಿಗೆ ಕಡಿಮೆಯಿಲ್ಲದ ಜುಲ್ಮಾನೆಯೂ ಗೊತ್ತುಮಾಡಲ್ಪಟ್ಟವು. ಜಪ್ತಿಯ ಅಧಿಕಾರವನ್ನು ಸಬ್ ಇನ್‌ಸ್ಪೆಕ್ಟರ್ ದರ್ಜೆಗೆ ಕಡಿಮೆಯಲ್ಲದ ಪೋಲೀಸ್ ಅಧಿಕಾರಿಗೂ, ಸಕ್ಷಮಾಧಿಕಾರಿಗೂ ಕೊಡಲಾಯಿತು. ಊರಿನ ಜನಕ್ಕೆ ಅಂತಹ ಅಧಿಕಾರವಿಲ್ಲ.

ಮೊದಲನೆಯ ಪ್ರಶ್ನೆಯನ್ನು ಕಣ್ಣಳತೆಯಿಂದ ತೀರ್ಮಾನಿಸಲಾಗದು. ತುಂಡುಮಾಡಿದ ಮೇಲೆ ಹಸುವಿನ ಮಾಂಸವನ್ನೂ ಎಮ್ಮೆಯ ಮಾಂಸವನ್ನೂ ನೋಡಿದಮಾತ್ರದಿಂದ ನಿಶ್ಚಯವಾಗಿ ಬೇರ್ಪಡಿಸುವುದು ಪಳಗಿದವರಿಗೂ ಕಷ್ಟ. ಪ್ರಯೋಗಶಾಲೆಯಲ್ಲಿ ಡಿ.ಎನ್.ಎ. ಪರೀಕ್ಷೆ ಮಾಡಿದರೆ ಪ್ರಾಣಿಯ ಜಾತಿಯು ಖಚಿತವಾಗುತ್ತದೆ. ಆದರೆ ಮಾಂಸವು ಬೇಗ ಕೆಡುವ ಪದಾರ್ಥವಾದುದರಿಂದ ಮಾದರಿಯನ್ನು ಕೂಡಲೇ ತೆಗೆದು, ಮೊಹರು ಹಾಕಿ, ಶೀತದಲ್ಲಿಟ್ಟು ಕಳುಹಿಸಬೇಕು. ಉತ್ತರಪ್ರದೇಶದಲ್ಲಿ ವಶವಾದ ಮಾಂಸವನ್ನು ಸಾಮಾನ್ಯವಾಗಿ ಪರೀಕ್ಷೆಗೇ ಕಳುಹಿಸದೆ ಗೋಮಾಂಸವೆಂದು ತೋರಿಸಲಾಗುತ್ತಿದೆಯೆಂದು 2020ರ ಅಕ್ಟೋಬರಿನಲ್ಲಿ ಅಲಹಾಬಾದ್ ಹೈಕೋರ್ಟು ಒಂದು ಜಾಮೀನು ಅರ್ಜಿಯಲ್ಲಿ ಆಕ್ಷೇಪಿಸಿತು.

ರುಜುವಾತಿನ ಭಾರವು ಯಾರದೆಂಬುದೂ ಇಂತಹ ತಕರಾರುಗಳಲ್ಲಿ ಒಂದು ಮುಖ್ಯಾಂಶ. ಮಹಾರಾಷ್ಟ್ರದ ಶಾಸನಕ್ಕೆ 2015ರಲ್ಲಿ ಆದ ತಿದ್ದುಪಡಿಯು, ಪರರಾಜ್ಯದಲ್ಲಿ ವಧಿಸಿದ ರಾಸಿನ ಮಾಂಸವನ್ನು ಹೊಂದಿರುವುದನ್ನೂ ಅಪರಾಧವೆಂದು ಎಣಿಸಿ, ನಿರ್ದೋಷಿಯೆಂದು ತೋರಿಸುವ ಭಾರವನ್ನು ಆಪಾದಿತನ ಮೇಲೆಯೇ ಹೊರಿಸಿತ್ತು. ಬೊಂಬಾಯಿ ಹೈಕೋರ್ಟು 2016ರ ಮೇ 6ರಂದು ಈ ಎರಡು ವಿಧಿಗಳನ್ನೂ ರದ್ದುಪಡಿಸಿತು. ಆ ತೀರ್ಪಿನ ಮೇಲೆ ಸರ್ವೋಚ್ಚ ನ್ಯಾಯಾಲಯಕ್ಕೆ ಅಪೀಲು ಹೋಯಿತು.

ಎರಡನೆಯ ಪ್ರಶ್ನೆಯು ಇದಕ್ಕಿಂತ ಕಠಿಣ. ಜಾತಿಯನ್ನು ಹೇಳುವ ಪರೀಕ್ಷೆಯು ವಯಸ್ಸನ್ನು ಹೇಳಲಾರದು. ಜೀವಂತ ರಾಸಿನಲ್ಲಿಯೂ ಹಲ್ಲಿನ ಗುರುತಿಗೆ ಮಿತಿಯುಂಟು. ಎಮ್ಮೆಯು ಸುಮಾರು 5–6 ವರ್ಷಕ್ಕೆ ಬಾಯಿಗೂಡುವುದು. ಅಲ್ಲಿಂದ ಮುಂದೆ ಹಲ್ಲು ಸವೆದುದನ್ನು ನೋಡಿ ಅಂದಾಜು ಮಾಡಬಹುದೇ ಹೊರತು, 12 ವರ್ಷವೋ 14 ವರ್ಷವೋ ಎಂದು ಖಂಡಿತವಾಗಿ ಹೇಳಲಾಗದು. ರಾಸು ಮಾಂಸವಾದ ಮೇಲೆ ಆ ಹಲ್ಲೂ ಇರುವುದಿಲ್ಲ. ಆಗ ಉಳಿಯುವ ಮುಖ್ಯ ಸಾಕ್ಷಿಯು ಕಾಗದವೊಂದೇ.

ಆದಕಾರಣ ವಾಚಕರು ಈ ಕೆಳಗಿನ ಕ್ರಮಗಳನ್ನು ಅನುಸರಿಸುವುದು ಶ್ರೇಯಸ್ಕರ:

1. ಪ್ರತಿಯೊಂದು ರಾಸಿಗೂ ಪಶುವೈದ್ಯ ಇಲಾಖೆಯವರಿಂದ 12 ಅಂಕಿಗಳ ಕಿವಿಯೋಲೆಯನ್ನು ಹಾಕಿಸಿ, ಅದರ ಸಂಖ್ಯೆಯನ್ನೂ ಹುಟ್ಟಿದ ವರ್ಷವನ್ನೂ ಮನೆಯ ಲೆಕ್ಕದ ಪುಸ್ತಕದಲ್ಲಿ ಬರೆದಿಡಬೇಕು.

2. ಮಾರುವಾಗ ಕೊಂಡವನ ಹೆಸರು, ವಿಳಾಸ, ತಾರೀಖು, ಕಿವಿಯೋಲೆಯ ಸಂಖ್ಯೆಗಳುಳ್ಳ ರಸೀತಿಗೆ ಇಬ್ಬರ ರುಜುವನ್ನೂ ಮಾಡಿಸಿ ಒಂದು ಪ್ರತಿಯನ್ನು ತಾನಿಟ್ಟುಕೊಳ್ಳಬೇಕು.

3. ವಯಸ್ಸಿನ ಪ್ರಮಾಣಪತ್ರವನ್ನು ರಾಸು ಬದುಕಿರುವಾಗಲೇ ಪಡೆಯತಕ್ಕದ್ದು.

4. ಮಹಜರಿಗೆ ಸಾಕ್ಷಿಯಾಗಿ ಕರೆಯಲ್ಪಟ್ಟ ಯಜಮಾನರು ಮಾಲಿನ ತೂಕ, ವೇಳೆ, ಸ್ಥಳ, ತೆಗೆದ ಮಾದರಿ, ಹಾಕಿದ ಮೊಹರು ಇವೆಲ್ಲವೂ ಬರೆಯಲ್ಪಟ್ಟಿವೆಯೇ ಎಂದು ಓದಿ ನೋಡಿದ ಹೊರತು ರುಜು ಹಾಕಬಾರದು.

ಕಡೆಯದಾಗಿ ಒಂದು ಮಾತು. ಸಂಶಯವು ಹುಟ್ಟಿದಲ್ಲಿ ಠಾಣೆಗೆ ತಿಳಿಸಬೇಕೇ ವಿನಾ, ಜನರು ಗುಂಪುಕೂಡಿ ಗಾಡಿಯನ್ನು ತಡೆಯುವುದಕ್ಕೂ ಚಾಲಕನ ಮೇಲೆ ಕೈಮಾಡುವುದಕ್ಕೂ ಅವಕಾಶ ಕೊಡಕೂಡದು. ಹಾಗೆ ಮಾಡಿದವರು ತಾವೇ ಅಪರಾಧಿಗಳಾಗುವರು. ಮಾಂಸವು ಕೆಟ್ಟು ಮಾದರಿಯೂ ಹಾಳಾದರೆ ನಿಜವಾದ ಅಪರಾಧಿಯು ತಪ್ಪಿಸಿಕೊಳ್ಳಬಹುದು, ನಿರಪರಾಧಿಯು ಸಿಕ್ಕಿಬೀಳಬಹುದು. ಇದನ್ನು ತಡೆಯುವ ಹೊಣೆಯು ಊರಿನ ಹಿರಿಯರದೇ ಆಗಿದೆ.