ಕಣ್ಣಿರುವ ಗಡ್ಡೆ

ಗೆಣಸನ್ನೂ ಆಲೂಗಡ್ಡೆಯನ್ನೂ ಪಕ್ಕಪಕ್ಕ ಇಟ್ಟು ನೋಡಿ. ಎರಡೂ ಮಣ್ಣು ಅಗೆದು ತೆಗೆದವೇ. ಆದರೆ ಆಲೂಗಡ್ಡೆಗೆ ಕಣ್ಣುಗಳಿವೆ, ಗೆಣಸಿಗಿಲ್ಲ. ಆ ಕಣ್ಣುಗಳೂ ಮನಬಂದಂತೆ ಚದುರಿಲ್ಲ. ಟೊಂಗೆಯ ಸುತ್ತ ಎಲೆಗಳು ಮೂಡುವ ಕ್ರಮದಲ್ಲೇ ಇವೆ. ಗೆಣಸು ಉಬ್ಬಿದ ಬೇರು, ಆಲೂಗಡ್ಡೆ ಉಬ್ಬಿದ ಕಾಂಡ. ಒಂದೊಂದು ಕಣ್ಣೂ ಹೊಸ ಗಿಡವಾಗಬಲ್ಲ ಮೊಗ್ಗು. ಈ ಬೆಳೆ ಜಗತ್ತನ್ನು ಗೆದ್ದದ್ದಕ್ಕೂ, ಒಮ್ಮೊಮ್ಮೆ ಪೂರ್ತಿ ನೆಲಕಚ್ಚಿದ್ದಕ್ಕೂ ಕಾರಣ ಅಲ್ಲೇ ಇದೆ.

ಗಿಡದ ಬುಡದಿಂದ ಬಳ್ಳಿಯಂಥ ಕಾಂಡಗಳು ಮಣ್ಣೊಳಗೇ ಅಡ್ಡಡ್ಡ ಹರಿಯುತ್ತವೆ. ಹಗಲು ಕಿರಿದಾಗಿ ಇರುಳು ತಂಪಾದರೆ ಎಲೆಗಳಲ್ಲಿ ಎಸ್‌ಪಿ6ಎ ಎಂಬ ಪ್ರೊಟೀನ್ ತಯಾರಾಗಿ ಕೆಳಗಿಳಿದು ಆ ಕಾಂಡಗಳ ತುದಿ ಮುಟ್ಟುತ್ತದೆ. ತುದಿ ಉದ್ದಕ್ಕೆ ಬೆಳೆಯುವುದನ್ನು ಬಿಟ್ಟು ದಪ್ಪವಾಗತೊಡಗುತ್ತದೆ, ಎಲೆಗಳು ಮಾಡಿದ ಸಕ್ಕರೆ ಅಲ್ಲಿ ಪಿಷ್ಟವಾಗಿ ಕೂಡಿಕೊಳ್ಳುತ್ತದೆ. ಅದೇ ತುದಿ ಬೆಳಕಿಗೆ ಬಂದರೆ ಎಲೆ ಬಿಟ್ಟು ಸಾಧಾರಣ ರೆಂಬೆಯಾಗಿಬಿಡುತ್ತದೆ. ರೈತರು ಬುಡಕ್ಕೆ ಮಣ್ಣು ಏರಿಸುವುದು ಸುಮ್ಮನೆ ಅಲ್ಲ. ಬಲಿತ ಗಡ್ಡೆಯೂ ಬಿಸಿಲು ಕಂಡರೆ ಹಸಿರಾಗುತ್ತದೆ. ಹಸಿರು ಬಣ್ಣ ಪತ್ರಹರಿತ್ತಿನದು, ನಿರಪಾಯ. ಆದರೆ ಅದರ ಜೊತೆಗೇ ಸೊಲನೈನ್ ಎಂಬ ಕಹಿ ವಿಷವೂ ಹೆಚ್ಚುತ್ತದೆ. ಕುದಿಸಿದರೂ ಅದು ಹೋಗದು. ಪೂರ್ತಿ ಹಸಿರಾದ ಗಡ್ಡೆಯನ್ನು ತಿಪ್ಪೆಗೆ ಎಸೆಯುವುದೇ ಸರಿ.

ಈ ಗಡ್ಡೆ ಕಟ್ಟುವ ವಿದ್ಯೆ ಬಂದದ್ದೆಲ್ಲಿಂದ? 2025ರಲ್ಲಿ ಪ್ರಕಟವಾದ ಜೀನೋಮ್ ಅಧ್ಯಯನವೊಂದರ ಉತ್ತರ ಸ್ವಾರಸ್ಯವಾಗಿದೆ. ಸುಮಾರು 90 ಲಕ್ಷ ವರ್ಷಗಳ ಹಿಂದೆ ದಕ್ಷಿಣ ಅಮೆರಿಕದಲ್ಲಿ ಟೊಮೆಟೊದ ಪೂರ್ವಜ ಗಿಡವೂ ‘ಎಟ್ಯೂಬರೋಸಮ್’ ಎಂಬ ಗುಂಪಿನ ಗಿಡವೂ ಬೆರೆತವು. ಎಸ್‌ಪಿ6ಎ ಜೀನು ಟೊಮೆಟೊ ಕಡೆಯಿಂದ ಬಂತು; ನೆಲದಡಿಯ ಕಾಂಡವನ್ನು ನಿಯಂತ್ರಿಸುವ ಮತ್ತೊಂದು ಜೀನು ಇನ್ನೊಂದು ಕಡೆಯಿಂದ. ತಂದೆತಾಯಿ ಇಬ್ಬರಿಗೂ ಗಡ್ಡೆಯಿಲ್ಲ, ಕೂಸಿಗೆ ಮಾತ್ರ ಇದೆ! ಆಂಡಿಸ್ ಪರ್ವತಗಳು ಮೇಲೇಳುತ್ತಿದ್ದ ಕಾಲವದು. ಚಳಿಗೆ ಮೇಲಿನ ಗಿಡ ಸತ್ತರೂ ಮಣ್ಣೊಳಗಿನ ಗಡ್ಡೆಯಿಂದ ಮತ್ತೆ ಚಿಗುರಬಲ್ಲ ಈ ಬೆರಕೆ ಅಲ್ಲಿ ಹಬ್ಬಿತು.

ಆಂಡಿಸ್‌ನ ಟಿಟಿಕಾಕಾ ಸರೋವರದ ಸುತ್ತಿನ ಎತ್ತರದ ನೆಲದ ಜನ ಇದನ್ನು ಹೊಲಕ್ಕೆ ತಂದು ಏಳೆಂಟು ಸಾವಿರ ವರ್ಷಗಳಾದವು. ಅವರ ಜಾಣ್ಮೆ ಎದ್ದು ಕಾಣುವುದು ‘ಚುನ್ಯೊ’ದಲ್ಲಿ. ನೀರು ಹೆಪ್ಪುಗಟ್ಟುವ ಚಳಿಯ ಇರುಳಲ್ಲಿ ಗಡ್ಡೆಗಳನ್ನು ಬಯಲಲ್ಲಿ ಹರಡುತ್ತಾರೆ, ಹಗಲು ಕಾಲಿಂದ ತುಳಿದು ನೀರು ಹಿಂಡುತ್ತಾರೆ, ಬಿಸಿಲಲ್ಲಿ ಒಣಗಿಸುತ್ತಾರೆ. ಕಹಿಯೂ ಕಡಿಮೆಯಾಗುತ್ತದೆ, ವರ್ಷಗಟ್ಟಲೆ ಕೆಡುವುದೂ ಇಲ್ಲ. ಒಂದೇ ಹೊಲದಲ್ಲಿ ಹತ್ತಾರು ತಳಿ ಬೆರೆಸಿ ನೆಡುವುದು ಅವರ ರೂಢಿ. ಒಂದಕ್ಕೆ ರೋಗ ಬಂದರೆ ಇನ್ನೊಂದು ಉಳಿಯುತ್ತಿತ್ತು.

ಯೂರೋಪು 16ನೇ ಶತಮಾನದಲ್ಲಿ ಗಡ್ಡೆಯನ್ನು ಒಯ್ದಿತು, ಈ ರೂಢಿಯನ್ನು ಒಯ್ಯಲಿಲ್ಲ. ಬೇಸಿಗೆಯ ನೀಳ ಹಗಲಲ್ಲೂ ಗಡ್ಡೆ ಕಟ್ಟುವ ತಳಿಗಳು ಅಲ್ಲಿ ಕ್ರಮೇಣ ಬಂದ ಮೇಲೆ ಬಡವರ ಹೊಟ್ಟೆ ತುಂಬಿತು. ಐರ್ಲೆಂಡಿನ ಬಡ ಗೇಣಿದಾರರು ಹೆಚ್ಚಾಗಿ ನಂಬಿದ್ದು ‘ಲಂಪರ್’ ಎಂಬ ಒಂದೇ ತಳಿಯನ್ನು. ಗಡ್ಡೆ ಕತ್ತರಿಸಿ ನೆಟ್ಟಾಗ ಹುಟ್ಟುವುದು ಮಗುವಲ್ಲ, ಅದೇ ಗಿಡದ ನಕಲು. ದೇಶದ ತುಂಬ ಒಂದೇ ಗಿಡ ನಿಂತಿದ್ದಾಗ, 1845ರಲ್ಲಿ ಅಂಗಮಾರಿ ಬಂತು. ತಂಪು, ತೇವ ಸಿಕ್ಕರೆ ಕೆಲವೇ ದಿನಗಳಲ್ಲಿ ಹೊಲವನ್ನು ಕಪ್ಪಾಗಿಸುವ ಈ ಜೀವಿ, ಫೈಟಾಫ್ತೊರಾ ಇನ್‌ಫೆಸ್ಟನ್ಸ್, ನಿಜವಾಗಿ ಶಿಲೀಂಧ್ರವೂ ಅಲ್ಲ. ಪಾಚಿಗಳಿಗೆ ಹತ್ತಿರದ ನೆಂಟ. ಸುಮಾರು 10 ಲಕ್ಷ ಮಂದಿ ಹಸಿವಿನಿಂದಲೂ ರೋಗದಿಂದಲೂ ಸತ್ತರು, ಅಷ್ಟೇ ಜನ ಊರು ಬಿಟ್ಟರು. ಪೂರ್ತಿ ತಪ್ಪನ್ನು ರೋಗದ ತಲೆಗೆ ಕಟ್ಟಲಾಗದು. ಆ ವರ್ಷಗಳಲ್ಲೂ ಐರಿಷ್ ಬಂದರುಗಳಿಂದ ಧಾನ್ಯ ಹಡಗು ಹತ್ತಿ ಹೋಗುತ್ತಿತ್ತು.

ಅದೇ ಅಂಗಮಾರಿಯ ಹೆಸರು ಹೇಳಿದರೆ ಇಂದಿಗೂ ಹಾಸನದ ರೈತರು ನಿಟ್ಟುಸಿರು ಬಿಡುತ್ತಾರೆ. ಉತ್ತರ ಭಾರತದಲ್ಲಿ ಆಲೂಗಡ್ಡೆ ಚಳಿಗಾಲದ ಬೆಳೆ. ಹಾಸನದಲ್ಲಿ ಎತ್ತರದ ತಂಪು ಹವೆಯ ಬಲದಿಂದ ಮುಂಗಾರಿನಲ್ಲೇ ಬೆಳೆಯುತ್ತಾರೆ. ಗಡ್ಡೆ ಕಟ್ಟಿಸುವ ಆ ತಂಪೇ, ಜಿಟಿಜಿಟಿ ಮಳೆಯ ಜೊತೆ ಸೇರಿದರೆ, ರೋಗಕ್ಕೂ ಹಬ್ಬ. ಬಿತ್ತನೆ ಗಡ್ಡೆ ಬರುವುದೋ ದೂರದ ಪಂಜಾಬಿನ ಜಲಂಧರ್ ಕಡೆಯಿಂದ. ನಕಲಿನ ನಕಲು ತೆಗೆಯುತ್ತ ಹೋದಂತೆ ಗಡ್ಡೆಯಲ್ಲಿ ವೈರಸ್‌ಗಳು ಪೀಳಿಗೆಯಿಂದ ಪೀಳಿಗೆಗೆ ಕೂಡಿಕೊಳ್ಳುತ್ತವೆ. ಅವನ್ನು ಹರಡುವ ಗಿಡಹೇನು ಉತ್ತರದ ಬಯಲಿನಲ್ಲಿ ಚಳಿಗಾಲದ ಮೊದಲ ತಿಂಗಳುಗಳಲ್ಲಿ ತೀರ ಕಡಿಮೆ. ಹಾಗಾಗಿ ಆರೋಗ್ಯವಂತ ಬಿತ್ತನೆ ಅಲ್ಲಿ ಸಾಧ್ಯ ಎಂದು ನಮ್ಮ ವಿಜ್ಞಾನಿಗಳು 1960ರ ದಶಕದ ಹೊತ್ತಿಗೇ ತೋರಿಸಿಕೊಟ್ಟರು. ಆದರೆ ಹೆಕ್ಟೇರಿಗೆ ಬೇಕಾದ ಸುಮಾರು 2 ಟನ್ ಗಡ್ಡೆಯನ್ನು ಲಾರಿಯಲ್ಲಿ ತರಿಸುವ ಖರ್ಚು ರೈತನ ಮೇಲೇ ಬೀಳುತ್ತದೆ.

ಆಲೂ ಗಿಡದಲ್ಲಿ ನಿಜವಾದ ಬೀಜವೂ ಉಂಟು. ಸಣ್ಣ ಹಸಿರು ಟೊಮೆಟೊ ಹೋಲುವ ಕಾಯಿಯೊಳಗೆ. ತಿನ್ನಬಾರದು, ಅದೂ ವಿಷ. ಸಾಮಾನ್ಯ ಆಲೂಗಡ್ಡೆಯಲ್ಲಿ ಒಂದೊಂದು ವರ್ಣತಂತುವಿಗೂ ನಾಲ್ಕು ಪ್ರತಿಗಳಿರುವುದರಿಂದ, ಬೀಜದಿಂದ ಹುಟ್ಟಿದ ಒಂದು ಸಸಿಯಂತೆ ಇನ್ನೊಂದು ಇರುವುದಿಲ್ಲ. ಎರಡೇ ಪ್ರತಿಗಳಿರುವ ತಳಿಗಳನ್ನು ಪಳಗಿಸಿ ಏಕರೂಪದ ಹೈಬ್ರಿಡ್ ಬೀಜ ಪಡೆಯಲು ಚೀನಾ, ನೆದರ್‌ಲೆಂಡ್ಸ್‌ಗಳಲ್ಲಿ ಕೆಲಸ ನಡೆದಿದೆ. ಅದು ಫಲಿಸಿದರೆ ಟನ್‌ಗಟ್ಟಲೆ ಗಡ್ಡೆಯ ಬದಲು ಹಿಡಿಯಷ್ಟು ಬೀಜ ಸಾಕು. ಸದ್ಯಕ್ಕೆ ಹಾಸನದ ನರ್ಸರಿಗಳಲ್ಲಿ ಬೇರೆ ದಾರಿ ಹಿಡಿದಿದ್ದಾರೆ. ಅಂಗಾಂಶ ಕೃಷಿಯ ಗಿಡಗಳ ಕುಡಿ ಕತ್ತರಿಸಿ, ಬೇರು ಬರಿಸಿ, ಸಸಿಯಾಗಿ ಮಾರುತ್ತಾರೆ. ರೈತರು ಅದರಿಂದ ತಮ್ಮ ಹೊಲದಲ್ಲೇ ಬಿತ್ತನೆ ಗಡ್ಡೆ ಬೆಳೆದುಕೊಳ್ಳಬಹುದು. ಇದೂ ನಕಲೇ, ಆದರೆ ವೈರಸ್ ಇಲ್ಲದ ನಕಲು. ಅಂಗಮಾರಿಯನ್ನು ತಡೆಯಲು ಮಾತ್ರ ರೋಗ ತಾಳುವ ತಳಿಯನ್ನೇ ಆರಿಸಬೇಕು, ಜೊತೆಗೆ ಮೋಡ ನೋಡಿಕೊಂಡು ಔಷಧಿ ಸಿಂಪಡಿಸಬೇಕು.